ಸಂಪಾದಕರ ಉತ್ತರ: ಅಲೊಂಜೊನ ಕೈಗಳು

ಪ್ರಿಯ ಓದುಗರೇ,

‘ದಿ ಅನ್‌ನೋನ್’ ಚಿತ್ರವನ್ನು ನಾವು ಪ್ರೇಮಕಥೆ ಎಂದದ್ದಕ್ಕೆ ಬೇಸರಪಟ್ಟು ಬರೆದಿದ್ದೀರಿ. ಅದು ಬರೀ ಕ್ರೌರ್ಯ, ಬಟ್ಟೆಯೊಳಗೆ ಕೈ ಬಚ್ಚಿಟ್ಟವನನ್ನು ಗುರುತಿಸಲಾರದ ನಾಯಕಿಯನ್ನು ನಂಬುವುದು ಹೇಗೆ ಎಂಬುದು ನಿಮ್ಮ ಆಕ್ಷೇಪ. ಕ್ರೌರ್ಯ ಇದೆ, ಒಪ್ಪುತ್ತೇನೆ. ಪ್ರೇಮಕಥೆ ಎಂಬ ಮಾತನ್ನು ಮಾತ್ರ ಬಿಟ್ಟುಕೊಡಲಾರೆ.

ಟಾಡ್ ಬ್ರೌನಿಂಗ್ 1927ರಲ್ಲಿ ನಿರ್ದೇಶಿಸಿದ ಈ ಮೂಕಿ ಚಿತ್ರ ನಡೆಯುವುದು ಸ್ಪೇನಿನ ಸರ್ಕಸ್ಸೊಂದರಲ್ಲಿ. ಪೊಲೀಸರಿಂದ ತಲೆಮರೆಸಿಕೊಂಡ ಅಲೊಂಜೊ (ಲಾನ್ ಚೇನಿ) ತೋಳುಗಳನ್ನು ಮೈಗೆ ಬಿಗಿದು ಕಟ್ಟಿಕೊಂಡು, ಕೈಯಿಲ್ಲದವನಾಗಿ ಕಾಲಿನಿಂದ ಚೂರಿ ಎಸೆಯುತ್ತಾನೆ. ಅವನ ಒಂದು ಕೈಯಲ್ಲಿ ಎರಡು ಹೆಬ್ಬೆರಳು, ಕಂಡರೆ ಸಿಕ್ಕಿಬಿದ್ದಂತೆಯೇ. ಮಾಲೀಕನ ಮಗಳು ನಾನೊನ್‌ಗೆ (ಜೋನ್ ಕ್ರಾಫರ್ಡ್) ಗಂಡಸರ ಕೈ ಎಂದರೆ ಮೈ ನಡುಕ. ಅಲೊಂಜೊನ ಬಳಿ ಮಾತ್ರ ಅವಳಿಗೆ ಧೈರ್ಯ. ಅವಳು ಏಕೆ ಗುರುತಿಸಲಿಲ್ಲ ಎಂದಿರಲ್ಲ, ಅವನಿಗೆ ಕೈಗಳಿಲ್ಲ ಎಂಬ ನಂಬಿಕೆಯೇ ಅವಳ ನೆಮ್ಮದಿ. ಅಂಥವಳು ಅನುಮಾನಿಸುವುದೆಲ್ಲಿಂದ ಬಂತು? ಆದರೂ ಅವಳು ತಬ್ಬಿಕೊಂಡರೆ ತೋಳು ತಾಗೀತೆಂದು ಸಂಗಡಿಗ ಕೋಹೊ ಎಚ್ಚರಿಸುತ್ತಾನೆ. ನಿಮಗೆ ಬಂದ ಅನುಮಾನ ಬ್ರೌನಿಂಗ್‌ಗೂ ಬಂದಿತ್ತು.

ಇನ್ನೊಮ್ಮೆ ನೋಡುವಿರಾದರೆ ಸಿಗರೇಟಿನ ದೃಶ್ಯವನ್ನು ಬಿಡಬೇಡಿ. ಬಾಗಿಲು ಹಾಕಿದೆ, ಕಟ್ಟು ಬಿಚ್ಚಿದೆ, ಕೈಗಳು ಸ್ವತಂತ್ರವಾಗಿವೆ. ಅಲೊಂಜೊ ಮಾತ್ರ ಯೋಚನೆಯಲ್ಲಿ ಮುಳುಗಿ ಕಾಲಲ್ಲೇ ಸಿಗರೇಟು ಹಚ್ಚಿ ಸೇದುತ್ತಿದ್ದಾನೆ. ನಿನಗೆ ಕೈಗಳಿರುವುದೇ ಮರೆತುಹೋಯಿತಲ್ಲ ಎಂದು ಕೋಹೊ ನಗುತ್ತಾನೆ. ಚೌಕಿಗೆ ಬಂದಮೇಲೂ ವೇಷ ಇಳಿಯದ ಕಲಾವಿದನ ಸ್ಥಿತಿ ಅದು. ನಾನೊನ್‌ಗಾಗಿ ಕೈಗಳನ್ನೇ ಕತ್ತರಿಸಿಕೊಳ್ಳುವ ಯೋಚನೆ ಹುಟ್ಟುವುದು ಆ ಗಳಿಗೆಯಲ್ಲೇ. ಅವಳ ತಂದೆಯನ್ನು ಕೊಂದ ಕೈಗಳೂ ಅವೇ ಎಂಬುದನ್ನು ನಾನು ಮರೆತಿಲ್ಲ. ಸಿಕ್ಕಿಬೀಳುವ ಭಯವೂ ಪ್ರೇಮವೂ ಅಲ್ಲಿ ಬೇರ್ಪಡಿಸಲಾಗದಂತೆ ಬೆರೆತಿವೆ.

ಅವನು ಕೈ ಕಳೆದುಕೊಂಡು ಬರುವಷ್ಟರಲ್ಲಿ ಅವಳ ಭಯ ಹೋಗಿದೆ. ಪೈಲ್ವಾನ್ ಮಲಬಾರ್‌ನ ಕೈಗಳನ್ನೇ ಅವಳು ಮೆಚ್ಚಿಕೊಂಡಿದ್ದಾಳೆ. ಮದುವೆಯ ಮಾತನ್ನು ಅಲೊಂಜೊ ತನ್ನದೇ ಎಂದು ತಿಳಿದು ಅರಳುತ್ತಾನೆ. ನಿಜ ತಿಳಿದಮೇಲೆ ನಗಲು ಹೋದ ಆ ಮುಖ ಕ್ರಮೇಣ ಹರಿದುಹೋಗುವುದನ್ನು ನೋಡಿ. ಚೇನಿಯ ತಂದೆತಾಯಿ ಇಬ್ಬರೂ ಕಿವುಡರು. ಮಾತಿಲ್ಲದೆ ಹೇಳುವುದು ಅವನಿಗೆ ಮನೆಯಲ್ಲೇ ಬಂದ ವಿದ್ಯೆ. ಇಲ್ಲಿ ಕೈಸನ್ನೆಯೂ ಇಲ್ಲ, ಎಲ್ಲವನ್ನೂ ಮುಖವೇ ಹೇಳಬೇಕು, ಹೇಳಿದೆ.

ಕಾಲಿನ ಕೈಚಳಕ ಚೇನಿಯದೇ ಎಂದೂ ಕೇಳಿದ್ದೀರಿ. ಬಹುಪಾಲು ಅಲ್ಲ. ನಿಜವಾಗಿಯೂ ಕೈಗಳಿಲ್ಲದ ಪಾಲ್ ಡೆಸ್ಮ್ಯೂಕ್ ಎಂಬ ಕಲಾವಿದರ ಕಾಲುಗಳವು. ಅವರ ಹೆಸರನ್ನು ನಮ್ಮ ಲೇಖನದಲ್ಲಿಯೇ ಕೊಡಬೇಕಿತ್ತು, ಈಗ ಕೊಡುತ್ತಿದ್ದೇವೆ.

— ಸಂಪಾದಕ