ಹಳೇ ಕೀಬೋರ್ಡಿನ ಸೌಂಡು, ಮತ್ತೆ ಅದೇ ಪ್ರಶ್ನೆ

ಪ್ರಶ್ನೆ (ಸಿಂಧನೂರಿನಿಂದ): ಜಾನಪದ ಹಾಡಿಗೆ ಕೋರ್ಗ್ ಎಂ1 ಪ್ಲಗಿನ್ನಿನ (ಆ ಹಳೇ ಕೀಬೋರ್ಡಿನ ಸೌಂಡು ಕೊಡುವ ಕಂಪ್ಯೂಟರ್ ಸಾಫ್ಟ್‌ವೇರ್) ಪಿಯಾನೋ, ಸ್ಟ್ರಿಂಗ್ಸ್ ಹಾಕಿದ್ದೇನೆ. ಒಂದೊಂದೇ ಕೇಳಿದರೆ ಭಾರಿ ಇದೆ, ಎಲ್ಲಾ ಸೇರಿದರೆ ಹಾಡುವವರ ದನಿ ಮುಳುಗುತ್ತದೆ. ಹಳೇ ಕೀಬೋರ್ಡನ್ನೇ ಕೊಳ್ಳಬೇಕಾ?

ಬೇಡ. ಈ ತಿಂಗಳು ಇದೇ ಪ್ರಶ್ನೆ ನಾಲ್ಕನೇ ಸಲ, ದುಡ್ಡು ಉಳಿಸಿ. 1988ರ ಆ ಕೀಬೋರ್ಡಿನಲ್ಲಿ ಎಲ್ಲಾ ವಾದ್ಯಗಳ ಸ್ಯಾಂಪಲ್ಲಿಗೂ (ರೆಕಾರ್ಡ್ ಮಾಡಿಟ್ಟ ದನಿಯ ತುಣುಕು) ಸೇರಿ ಇದ್ದ ಜಾಗ 4 ಎಂಬಿ. ಇವತ್ತು ಫೋನಿನ ಒಂದು ಫೋಟೋಗೇ ಅಷ್ಟು ಬೇಕು. ಹಾಗಾಗಿ ಸ್ವರದ ಶುರುವಿನ ಚೂರು ಇಟ್ಟುಕೊಂಡು, ಮುಂದಕ್ಕೆ ಸಣ್ಣ ತುಣುಕನ್ನೇ ಲೂಪಿನಲ್ಲಿ ತಿರುಗಿಸಿದರು, ಒಂದೇ ಸ್ಯಾಂಪಲ್ಲನ್ನು ಅಕ್ಕಪಕ್ಕದ ಕೀಗಳಿಗೆಲ್ಲ ಎಳೆದು ಹಂಚಿದರು. ಮೇಲೆ ರಿವರ್ಬ್ (ದೊಡ್ಡ ಕೋಣೆಯಂಥ ಗುಂಗು), ಕೋರಸ್ (ಒಂದೇ ದನಿ ಹಲವಾಗಿ ಕೇಳಿಸುವ ಎಫೆಕ್ಟ್) ಬಳಿದರು. ಅಂಗಡಿಯಲ್ಲಿ ಒಂದು ಕೀ ಒತ್ತಿದ ಕೂಡಲೇ ಗಿರಾಕಿ ಬೀಳಬೇಕಲ್ವಾ! ನೀವು ಅದರ ಮೇಲೆ ನಿಮ್ಮದೂ ಒಂದು ರಿವರ್ಬ್ ಸುರಿಯುತ್ತೀರಿ.

ಮೊದಲು ಪ್ಲಗಿನ್ನಿನ ಒಳಗಿನ ಎಫೆಕ್ಟ್ ಎಲ್ಲಾ ಆಫ್ ಮಾಡಿ. ಸೌಂಡು ಖಡಕ್ ರೊಟ್ಟಿ ಹಾಗೆ ಒಣಗಿ ಕೇಳುತ್ತದೆ, ಹೆದರಬೇಡಿ, ಹಾಡಿನೊಳಗೆ ಅದೇ ಸರಿ ಕೂರುತ್ತದೆ. ಸ್ಟ್ರಿಂಗ್ಸಿನಲ್ಲಿ 200 ಹರ್ಟ್ಸ್ ಕೆಳಗಿನದನ್ನು ಕತ್ತರಿಸಿ. ಹಾಡುವವರ ಸಪ್ತಕದಲ್ಲೇ ನೀವೂ ಎರಡು ಕೈ ಹಾಕಿ ಕಾರ್ಡ್ ಒತ್ತಬೇಡಿ. ಕೊನೆಗೆ ಮೋನೋ ಮಾಡಿ, ಅಂದರೆ ಎಡ ಬಲ ಸ್ಪೀಕರಿನದನ್ನು ಒಂದೇ ಮಾಡಿ ಕೇಳಿ. ಕೋರಸ್ಸಿನ ಎಡ ಬಲ ಸೇರಿದಾಗ ಒಂದನ್ನೊಂದು ತಿಂದು ಸ್ಟ್ರಿಂಗ್ಸ್ ಅರ್ಧ ಮಾಯವಾಗಬಹುದು. ನಮ್ಮೂರ ಜಾತ್ರೆ ಮೈಕಿನಲ್ಲಿ ನನ್ನದೇ ಮಿಕ್ಸ್ ಹೀಗೆ ಮಾನ ಕಳೆದಿತ್ತು, ಅಂದಿನಿಂದ ಮೋನೋ ಬಟನ್ ಒತ್ತದೆ ಫೈಲ್ ಕೊಡುವುದಿಲ್ಲ.

12 ಬಿಟ್ಟಿನ (ದನಿಯನ್ನು ಎಷ್ಟು ಸೂಕ್ಷ್ಮವಾಗಿ ಅಳೆದು ಇಟ್ಟಿದೆ ಎಂಬ ಲೆಕ್ಕ) ಹಳೇ ಸ್ಯಾಂಪಲ್ಲನ್ನು 24 ಬಿಟ್ಟಿಗೆ ಏರಿಸಿದರೆ ಶುದ್ಧವಾಗುತ್ತಾ? (ಗಂಗಾವತಿ)
ಇಲ್ಲ. ಸಣ್ಣ ಡಬ್ಬಿಯ ಉಪ್ಪಿಟ್ಟು ದೊಡ್ಡ ಡಬ್ಬಿಗೆ ಹಾಕಿದರೆ ಜಾಸ್ತಿ ಆಗಲ್ಲ.

ಬಿಟ್‌ಕ್ರಷರ್ (ಬಿಟ್ ಕಡಿಮೆ ಮಾಡಿ ದನಿ ಒರಟಾಗಿಸುವ ಎಫೆಕ್ಟ್) ಹಾಕಿದರೆ ಎಸ್‌ಪಿ-1200 ಎಂಬ ಹಳೇ ಸ್ಯಾಂಪ್ಲರ್ ಯಂತ್ರದ ಸೌಂಡು ಬರುತ್ತದಂತೆ? (ರಾಯಚೂರು)
ಹೇಳಿದವರಿಗೆ ಆ ಯಂತ್ರ ಗೊತ್ತಿಲ್ಲ. 12 ಬಿಟ್, 26.04 ಕಿಲೋಹರ್ಟ್ಸ್ (ಸೆಕೆಂಡಿಗೆ ಎಷ್ಟು ಸಲ ದನಿ ಅಳೆಯುತ್ತದೆ ಎಂಬ ಲೆಕ್ಕ) ಎರಡನ್ನೂ ಸರಿಯಾಗಿ ಇಟ್ಟರೂ ಅರ್ಧ ಕೆಲಸವೇ. ಅದರಲ್ಲಿ ಜಾಗ ಇದ್ದದ್ದೇ 10 ಸೆಕೆಂಡ್. ಅದಕ್ಕೇ ನಿಮಿಷಕ್ಕೆ 33 ಸುತ್ತಿನ ರೆಕಾರ್ಡನ್ನು 45 ಸುತ್ತಿನ ವೇಗದಲ್ಲಿ ಓಡಿಸಿ ತುಂಬಿಕೊಂಡು, ಆಮೇಲೆ ಒಳಗೆ ಪಿಚ್ (ಶ್ರುತಿ) ಇಳಿಸುತ್ತಿದ್ದರು. ಆ ಕರಕರ ಹೆಚ್ಚು ಹುಟ್ಟುವುದು ಅಲ್ಲಿ. ನೀವೂ ಸ್ಯಾಂಪಲ್ಲಿನ ಪಿಚ್ ಏರಿಸಿ ತುಂಬಿ, ಆಮೇಲೆ ಇಳಿಸಿ ನೋಡಿ.

ಪೆನ್‌ಡ್ರೈವಿನಲ್ಲಿ ಹತ್ತು ಸಾವಿರ ಹಳೇ ಸೌಂಡು ಮುನ್ನೂರು ರೂಪಾಯಿಗೆ ಕೊಡುತ್ತಾರೆ, ತಗೊಳ್ಳಲಾ? (ಬಳ್ಳಾರಿ)
ಕದ್ದ ಮಾಲು. ವೈರಸ್ ಮಾತ್ರ ಫ್ರೀ.