ನಗಿಸುವವರು ದೊಡ್ಡ ನಟಿಯಲ್ಲವೇ?

ಪತ್ರ: ಬ್ರಿಟನ್ನಿನ ಮಾರ್ಗರೆಟ್ ರುದರ್‌ಫರ್ಡ್ ದೊಡ್ಡ ನಟಿ ಎಂದು ಕಳೆದ ಸಂಚಿಕೆಯಲ್ಲಿ ಬರೆದಿದ್ದೀರಿ. ಅವರು ಸಿನಿಮಾದಲ್ಲಿ ಮಾಡಿದ ಪತ್ತೇದಾರಿ ಮುದುಕಿ ಮಿಸ್ ಮಾರ್ಪಲ್, ಅಗಾಥಾ ಕ್ರಿಸ್ಟಿ ಕಾದಂಬರಿಗಳಲ್ಲಿ ಬರೆದ ಮಾರ್ಪಲ್ ಅಲ್ಲವೇ ಅಲ್ಲ. ಸುಮ್ನೆ ಮುಖ ಕುಣಿಸಿ ನಗಿಸುವವರಿಗೆ ಇಷ್ಟು ಹೊಗಳಿಕೆ ಯಾಕೆ?
– ಓದುಗರೊಬ್ಬರು, ಧಾರವಾಡ

ಸಂಪಾದಕರ ಉತ್ತರ:

ಮಾರ್ಪಲ್ ವಿಷಯದಲ್ಲಿ ನೀವು ಹೇಳಿದ್ದು ಸರಿ. ಪುಸ್ತಕದ ಮಾರ್ಪಲ್ ತೆಳ್ಳಗಿನ, ಮೆತ್ತಗೆ ಮಾತಾಡುವ ಮುದುಕಿ. ಹೆಣಿಗೆ ಹಿಡಿದು ಕೂತೇ ಎಲ್ಲರನ್ನೂ ಅಳೆಯುವವಳು. 1961ರಿಂದ 1964ರವರೆಗೆ ಬಂದ ನಾಲ್ಕು ಸಿನಿಮಾಗಳಲ್ಲಿ ರುದರ್‌ಫರ್ಡ್ ಕುದುರೆ ಏರುತ್ತಾರೆ, ಕತ್ತಿ ಹಿಡಿದು ಕಾದಾಡುತ್ತಾರೆ! ಪುಸ್ತಕಕ್ಕೆ ಹತ್ತಿರದ ಮಾರ್ಪಲ್ ಬೇಕಿದ್ದರೆ 1984ರಿಂದ ಬಿಬಿಸಿಯಲ್ಲಿ ಬಂದ ಜೋನ್ ಹಿಕ್ಸನ್ ಅವರನ್ನು ನೋಡಿ. (ರುದರ್‌ಫರ್ಡ್ ಅವರ ಮೊದಲ ಮಾರ್ಪಲ್ ಸಿನಿಮಾದಲ್ಲಿ ಈ ಹಿಕ್ಸನ್ ಅವರದ್ದೂ ಒಂದು ಚಿಕ್ಕ ಪಾತ್ರವಿದೆ.) ಕ್ರಿಸ್ಟಿಗೂ ಆ ಸಿನಿಮಾಗಳು ಹಿಡಿಸಲಿಲ್ಲ. ಆದರೆ ನಟಿಯ ಮೇಲೆ ಮೆಚ್ಚುಗೆ ಇತ್ತು. 1962ರ ಒಂದು ಮಾರ್ಪಲ್ ಕಾದಂಬರಿಯನ್ನು ಅವರಿಗೇ ಅರ್ಪಿಸಿದರು.

‘ಮುಖ ಕುಣಿಸಿ’ ಎಂದಿರಲ್ಲ, ಅದನ್ನು ಮಾತ್ರ ಒಪ್ಪಲಾರೆ. ರುದರ್‌ಫರ್ಡ್ ನಗಿಸಲು ಹೊರಟವರೇ ಅಲ್ಲ. 1941ರಲ್ಲಿ ನೋಯೆಲ್ ಕವರ್ಡ್ ಅವರ ‘ಬ್ಲೈತ್ ಸ್ಪಿರಿಟ್’ ನಾಟಕದಲ್ಲಿ ಮೇಡಂ ಆರ್ಕಾಟಿಯ ಪಾತ್ರ ಬಂತು. ಸತ್ತವರ ಆತ್ಮ ಕರೆಸುವ ಹೆಂಗಸು ಈಕೆ. ಅಂಥವರ ನಂಬಿಕೆಯನ್ನು ಗೇಲಿ ಮಾಡಲು ರುದರ್‌ಫರ್ಡ್ ಅವರಿಗೆ ಮನಸ್ಸಿರಲಿಲ್ಲ. ಹಾಗಾಗಿ ಆರ್ಕಾಟಿಯನ್ನು ಪೂರ್ತಿ ನಂಬಿ ಆಡಿದರು. 1945ರ ಸಿನಿಮಾದಲ್ಲಿ ನೋಡಿ, ಸೈಕಲ್ ತುಳಿದು ಬರುವಾಗ, ಮೇಜಿನ ಮುಂದೆ ಆತ್ಮ ಕರೆಯುವಾಗ, ಇದು ತಮಾಷೆ ಎಂದು ನಮಗೆ ಒಂದು ಸಣ್ಣ ಸುಳಿವೂ ಕೊಡುವುದಿಲ್ಲ. ನಗು ಹುಟ್ಟುವುದೇ ಅಲ್ಲಿ. ಇದು ಎಷ್ಟು ಕಷ್ಟ ಅಂತ ರಂಗದ ಮೇಲೆ ನಿಂತವರಿಗೆ ಗೊತ್ತು.

ಅವರ ಬದುಕಿನಲ್ಲಿ ನಗುವಂಥದ್ದು ಜಾಸ್ತಿ ಇರಲಿಲ್ಲ. ಅವರು ಹುಟ್ಟುವ ಮೊದಲೇ ತಂದೆ ಬುದ್ಧಿಭ್ರಮಣೆಯಲ್ಲಿ ತನ್ನ ತಂದೆಯನ್ನು ಕೊಂದು ಮನೋರೋಗಿ ಅಪರಾಧಿಗಳನ್ನು ಇಡುವ ಬ್ರಾಡ್‌ಮೂರ್ ಆಸ್ಪತ್ರೆ ಸೇರಿದ್ದರು. ಬಿಡುಗಡೆಯಾದ ಮೇಲೆ ಹೆಸರು ಬದಲಿಸಿಕೊಂಡರು. ಮಗು ಚಿಕ್ಕದಿದ್ದಾಗ ಸಂಸಾರ ನಮ್ಮ ಪಕ್ಕದ ಮದ್ರಾಸಿಗೆ ಬಂತು. ತಾಯಿ ಇಲ್ಲೇ ಪ್ರಾಣ ಕಳೆದುಕೊಂಡರು. ಮಾರ್ಗರೆಟ್ ಬೆಳೆದದ್ದು ವಿಂಬಲ್ಡನ್‌ನ ಬಂಧುಗಳ ಮನೆಯಲ್ಲಿ. ಪಿಯಾನೋ ಪಾಠ ಹೇಳಿಕೊಂಡಿದ್ದವರು 1925ರಲ್ಲಿ ಲಂಡನ್ನಿನ ಓಲ್ಡ್ ವಿಕ್ ರಂಗಮಂದಿರದಲ್ಲಿ ರಂಗ ಹತ್ತಿದಾಗ ವಯಸ್ಸು 33. ನಾಯಕಿ ಆಗುವ ಆಸೆಗೆ ಜಾಗವೇ ಇರಲಿಲ್ಲ, ಅಲ್ವಾ? ಸಿಕ್ಕ ಪಾತ್ರಗಳನ್ನೇ ದೊಡ್ಡದು ಮಾಡಿದರು. ‘ದಿ ವಿಐಪೀಸ್’ ಸಿನಿಮಾದಲ್ಲಿ ಎಲಿಜಬೆತ್ ಟೇಲರ್, ರಿಚರ್ಡ್ ಬರ್ಟನ್ ಇದ್ದರೂ ಆಸ್ಕರ್ ಬಂದದ್ದು, ಮನೆ ಉಳಿಸಿಕೊಳ್ಳಲು ಒದ್ದಾಡುವ ಮುದಿ ಡಚೆಸ್ ಆಗಿದ್ದ ಇವರಿಗೆ.

ಇಷ್ಟಾದರೂ ಮನಸ್ಸು ಒಪ್ಪದಿದ್ದರೆ ಆರ್ಸನ್ ವೆಲ್ಸ್ ಅವರ ‘ಚೈಮ್ಸ್ ಅಟ್ ಮಿಡ್‌ನೈಟ್’ ನೋಡಿ. ಅದರಲ್ಲಿ ಇವರು ಹೋಟೆಲಿನೊಡತಿ ಮಿಸ್ಟ್ರೆಸ್ ಕ್ವಿಕ್ಲಿ. ಕಥಾನಾಯಕ, ಶೇಕ್ಸ್‌ಪಿಯರ್ ಸೃಷ್ಟಿಸಿದ ಫಾಲ್‌ಸ್ಟಾಫ್ ಸತ್ತ ಬಗೆಯನ್ನು ಹೇಳುವ ಮಾತನ್ನು ಕೇಳಿಸಿಕೊಂಡು ನಮಗೆ ಇನ್ನೊಂದು ಪತ್ರ ಬರೆಯಿರಿ. ಅದನ್ನೂ ಅಚ್ಚು ಹಾಕುತ್ತೇವೆ.