ಗುವಾಂಗ್‌ಝೌನಲ್ಲಿ 11 ಗಂಟೆ ಲೇಓವರ್: ಗೈಡ್ ಜೊತೆ ಊರು ಸುತ್ತಿ ಊಟ ಮಾಡಿ ಬರಬಹುದಾ?

ನೀವು ಕೇಳಿದ್ದು ಇಷ್ಟು. ದೆಹಲಿಯಿಂದ ಸಿಡ್ನಿಗೆ ಹೋಗುವಾಗ ಚೀನಾದ ಗುವಾಂಗ್‌ಝೌನಲ್ಲಿ 11 ಗಂಟೆ ಕಾಯಬೇಕು, ಜೊತೆಗೆ ಅಪ್ಪ ಅಮ್ಮ ಇದ್ದಾರೆ, ಎಲ್ಲರೂ ಸಸ್ಯಾಹಾರಿಗಳು, ಊರು ತೋರಿಸಿ ಊಟ ಮಾಡಿಸುವ ಗೈಡ್ ಟೂರ್ ತಗೊಳ್ಳೋದಾ ಅಥವಾ ಏರ್‌ಪೋರ್ಟ್‌ನಲ್ಲೇ ಕೂತುಬಿಡೋದಾ. ತಗೊಳ್ಳಿ. ಆದರೆ ಜಾಗ ತೋರಿಸುವ ಗೈಡ್‌ಗೆ ದುಡ್ಡು ಕೊಡಬೇಡಿ, ತಿನ್ನಿಸಲು ಗೊತ್ತಿರುವ ಗೈಡ್ ಹುಡುಕಿ. ಎತ್ತರದ ಕಟ್ಟಡವನ್ನು ಯಾರ ಸಹಾಯವೂ ಇಲ್ಲದೆ ನೋಡಬಹುದು. ಆದರೆ ಒಂದು ತಟ್ಟೆಯೊಳಗೆ ಏನೇನಿದೆ ಅಂತ ಆ ಊರಿನ ಭಾಷೆ ಬರುವವರೇ ಕೇಳಿ ಹೇಳಬೇಕು.

ನಾನು ಹೋಗಿದ್ದು ಕಳೆದ ನವೆಂಬರ್‌ನಲ್ಲಿ. ತಂಗಿಯ ಬಾಣಂತನಕ್ಕೆ ಅಂತ ಆಯಿ ಆರು ತಿಂಗಳು ಮೆಲ್ಬರ್ನ್‌ನಲ್ಲಿದ್ದಳು, ಅವಳನ್ನು ಊರಿಗೆ ಬಿಡಲು ಹೊರಟಿದ್ದೆ. ನಮ್ಮದು ಶಿರಸಿ ಕಡೆ, ಅಮ್ಮನಿಗೆ ಆಯಿ ಅಂತೀವಿ. ಮೆಲ್ಬರ್ನ್‌ನಿಂದ ಗುವಾಂಗ್‌ಝೌ, ಅಲ್ಲಿಂದ ಕೌಲಾಲಂಪುರ, ಆಮೇಲೆ ಬೆಂಗಳೂರು. ಬೆಳಿಗ್ಗೆ ಐದೂವರೆಗೆ ಇಳಿದೆವು, ಮುಂದಿನ ವಿಮಾನ ಸಂಜೆ. ಆಯಿಗೆ 66 ವರ್ಷ, ಈರುಳ್ಳಿ ಬೆಳ್ಳುಳ್ಳಿಯನ್ನೂ ಮುಟ್ಟುವುದಿಲ್ಲ. ಹಾಗಾಗಿ ನಿಮ್ಮ ಚಿಂತೆ ನನಗೆ ಚೆನ್ನಾಗಿ ಅರ್ಥವಾಗುತ್ತದೆ.

ಮೊದಲು ವೀಸಾ ವಿಷಯ ಮುಗಿಸಿಬಿಡೋಣ, ಯಾಕೆಂದರೆ ಇಲ್ಲೇ ಜಾಸ್ತಿ ಜನ ಗೊಂದಲ ಮಾಡಿಕೊಳ್ಳುತ್ತಾರೆ. ಎಲ್ಲರೂ ಹೇಳುವ 240 ಗಂಟೆಗಳ ವೀಸಾ ರಹಿತ ಪ್ರವೇಶದ ಪಟ್ಟಿಯಲ್ಲಿ ಭಾರತ ಇಲ್ಲ. ನಮ್ಮ ಪಾಸ್‌ಪೋರ್ಟ್‌ಗೆ ಸಿಗುವುದು 24 ಗಂಟೆಗಳ ಟ್ರಾನ್ಸಿಟ್. ಒಂದು ದೇಶದಿಂದ ಬಂದು ಬೇರೊಂದು ದೇಶಕ್ಕೆ ಹೋಗುತ್ತಿರಬೇಕು, ಮುಂದಿನ ಟಿಕೆಟ್ ಖಚಿತವಾಗಿರಬೇಕು. ದೆಹಲಿಯಿಂದ ಬಂದು ಸಿಡ್ನಿಗೆ ಹೋಗುವವರಿಗೆ ಇದು ಸರಿಹೋಗುತ್ತದೆ. ಆದರೆ ಏರ್‌ಪೋರ್ಟ್‌ನಿಂದ ಹೊರಗೆ ಕಾಲಿಡಬೇಕಾದರೆ ಇಮಿಗ್ರೇಷನ್‌ನಲ್ಲಿ ತಾತ್ಕಾಲಿಕ ಪ್ರವೇಶದ ಅನುಮತಿ ಕೇಳಿ ಪಡೆಯಬೇಕು, ಕೊಡುವುದು ಬಿಡುವುದು ಆ ಅಧಿಕಾರಿಗೆ ಬಿಟ್ಟದ್ದು. ಮುಂದಿನ ಟಿಕೆಟ್, ಆಸ್ಟ್ರೇಲಿಯಾ ವೀಸಾ, ಟೂರ್ ಬುಕಿಂಗ್ ಮೂರನ್ನೂ ಪ್ರಿಂಟ್ ತೆಗೆದು ಇಟ್ಟುಕೊಳ್ಳಿ. ಫೋನ್‌ನಲ್ಲಿ ತೋರಿಸುತ್ತೇನೆ ಅಂದುಕೊಂಡರೆ ಅಲ್ಲಿ ಗೂಗಲ್ ಸೇವೆಗಳು ಸಿಗುವುದಿಲ್ಲ, ವಾಟ್ಸಾಪ್ ಕೂಡ ಇಲ್ಲ. ನಿಮ್ಮ ಸಿಮ್‌ಗೆ ರೋಮಿಂಗ್ ಹಾಕಿಸಿದರೆ ನಡೆಯುತ್ತದೆ. ನಮ್ಮಿಬ್ಬರಿಗೆ ಒಟ್ಟು ಮುಕ್ಕಾಲು ಗಂಟೆ ಹಿಡಿಯಿತು. ಅನುಮತಿ ಸಿಗದೇ ಹೋದರೆ ದುಡ್ಡು ವಾಪಸ್ ಕೊಡುವ ಟೂರ್ ಮಾತ್ರ ಬುಕ್ ಮಾಡಿ.

ಈಗ ಲೆಕ್ಕ ಹಾಕಿ. 11 ಗಂಟೆ ಅಂದರೆ ಕೈಗೆ ಸಿಗುವುದು ನಾಲ್ಕೂವರೆ ಗಂಟೆ. ಹೊರಗೆ ಬರಲು ಒಂದೂವರೆ, ಊರೊಳಗೆ ಹೋಗಿ ಬರಲು ಎರಡು, ವಾಪಸ್ ಬಂದು ಮುಂದಿನ ವಿಮಾನಕ್ಕೆ ಮೂರು ಗಂಟೆ ಮುಂಚೆ ಇರಬೇಕು. ಹಾಗಾಗಿ 'ಒಂದು ದಿನದಲ್ಲಿ ಎಂಟು ಜಾಗ' ಅನ್ನುವ ಟೂರ್‌ಗಳನ್ನು ನೋಡಲೇಬೇಡಿ. ಆಯಿ ಜೊತೆ ಹೋಗುವುದಕ್ಕೂ ಎರಡು ವರ್ಷ ಮುಂಚೆ ಶಾಂಘೈನಲ್ಲಿ ನಾನೊಬ್ಬನೇ ಅಂಥದ್ದೊಂದು ಬಸ್ ಟೂರ್ ತಗೊಂಡಿದ್ದೆ. ಕಿಟಕಿಯಿಂದ ಊರು ನೋಡಿದ್ದು, ರೇಷ್ಮೆ ಅಂಗಡಿಯಲ್ಲಿ ಒಂದು ಗಂಟೆ ಕೂತಿದ್ದು, ಸಸ್ಯಾಹಾರ ಅಂತ ಬರೆದುಕೊಟ್ಟಿದ್ದರೂ ಊಟಕ್ಕೆ ಹಂದಿಮಾಂಸದ ಚೂರು ಬೆರೆತ ಅನ್ನ ಬಂದಿದ್ದು. ಆವತ್ತು ಹಸಿದುಕೊಂಡೇ ವಿಮಾನ ಹತ್ತಿದೆ. ಆಯಿಗೆ ಹಾಗಾಗಬಾರದು ಅನ್ನುವುದೊಂದೇ ನನ್ನ ತಲೆಯಲ್ಲಿತ್ತು.

ಅದಕ್ಕೇ ಈ ಸಲ ಬುಕ್ ಮಾಡುವ ಮುಂಚೆ ಮೂರು ಗೈಡ್‌ಗಳಿಗೆ ಒಂದೇ ಮೆಸೇಜ್ ಕಳಿಸಿದೆ. ಸಸ್ಯಾಹಾರ ಅಂತ ಬರೆಯಲಿಲ್ಲ. ಮಾಂಸ, ಮೀನು, ಒಣಸೀಗಡಿ, ಹಂದಿ ಕೊಬ್ಬು, ಆಯ್‌ಸ್ಟರ್ ಅನ್ನುವ ಸಮುದ್ರದ ಚಿಪ್ಪುಜೀವಿಯ ಸಾಸ್, ಮಾಂಸದ ಸಾರು ಯಾವುದೂ ಬೇಡ ಅಂತ ಒಂದೊಂದನ್ನೂ ಬಿಡಿಸಿ ಬರೆದೆ. ಇಬ್ಬರು 'ನೋ ಪ್ರಾಬ್ಲಂ' ಅಂದರು. ಮೂರನೆಯವಳು ಮಾತ್ರ 'ಹಾಗಾದರೆ ಮೂಲಂಗಿ ಕೇಕ್ ಬೇಡ, ಅದರಲ್ಲಿ ಒಣಸೀಗಡಿ ಇರುತ್ತದೆ. ಪೇಸ್ಟ್ರಿಗೆ ಹಂದಿ ಕೊಬ್ಬು ಹಾಕುತ್ತಾರೆ, ಅದೂ ಬೇಡ. ಮೊಟ್ಟೆ ತಿನ್ನುತ್ತೀರಾ? ಬೆಳ್ಳುಳ್ಳಿ?' ಅಂತ ವಾಪಸ್ ಕೇಳಿದಳು. ಅವಳನ್ನೇ ಗೊತ್ತು ಮಾಡಿದೆ. ಕಾರು ಸೇರಿ ಒಬ್ಬರಿಗೆ 500 ಯುವಾನ್ ಆಯಿತು, ನಮ್ಮ ಲೆಕ್ಕದಲ್ಲಿ ಆರು ಸಾವಿರ ರೂಪಾಯಿ ಆಸುಪಾಸು.

ಇಪ್ಪತ್ತೈದರ ಹುಡುಗಿ, ಹೆಸರು ಬರೆದ ಕಾಗದ ಹಿಡಿದು ನಿಂತಿದ್ದಳು. ನಮ್ಮನ್ನು ನೋಡಿದ ಕೂಡಲೇ ಆಯಿಯ ಬ್ಯಾಗ್ ಈಸಿಕೊಂಡು 'ಆಯಿ, ಆಯಿ' ಅಂತ ಕರೆದಳು. ಆಯಿ ನನ್ನ ಮುಖ ನೋಡಿದಳು, ಇವಳಿಗೆ ಹೇಗೆ ಗೊತ್ತು ಅಂತ. ಚೀನೀ ಭಾಷೆಯಲ್ಲಿ ಅಮ್ಮನ ವಯಸ್ಸಿನವರನ್ನು ಕರೆಯುವುದೇ ಹಾಗಂತೆ, ಚಿಕ್ಕಮ್ಮ ಅನ್ನುವ ಅರ್ಥ. ಅಲ್ಲಿಂದ ಮುಂದೆ ಆಯಿ ಅವಳ ಕೈ ಬಿಡಲಿಲ್ಲ.

ಮೊದಲು ಹೋಗಿದ್ದು ಹಳೆ ಊರಾದ ಲಿವಾನ್ ಕಡೆ, ಒಂದು ಚಹಾದ ಮನೆಗೆ. ಬೆಳಿಗ್ಗೆ ಏಳೂವರೆಗೇ ಅಜ್ಜ ಅಜ್ಜಿಯರು ಪೇಪರ್ ಹಿಡಿದು ಕೂತಿದ್ದರು. ಇದಕ್ಕೆ 'ಯಮ್ ಚಾ' ಅಂತಾರೆ, ಚಾ ಕುಡಿಯುವುದು ಅಂತಷ್ಟೇ ಅರ್ಥ. ನಾವು ಊರಲ್ಲಿ ಚಾ ಅನ್ನುವುದೂ ಅಲ್ಲಿಯ ಚಾ ಅನ್ನುವುದೂ ಒಂದೇ ಪದ. ಮೊದಲು ಬಿಸಿ ಬಿಸಿ ಚಹಾವನ್ನು ಬಟ್ಟಲಿಗೆ ಸುರಿದು, ಅದರಲ್ಲಿ ಕಪ್ಪು, ಕಡ್ಡಿ, ಚಮಚ ಎಲ್ಲ ಅದ್ದಿ ತೊಳೆದು, ಆ ನೀರನ್ನು ಚೆಲ್ಲಿದರು. ಮಡಿಯಲ್ಲಿ ಬೆಳೆದ ಆಯಿಗೆ ಅದನ್ನು ನೋಡಿಯೇ ಅರ್ಧ ಸಮಾಧಾನ. ಯಾರಾದರೂ ನಿಮ್ಮ ಕಪ್ಪಿಗೆ ಚಹಾ ಹಾಕಿದರೆ ಎರಡು ಬೆರಳಿಂದ ಮೇಜು ತಟ್ಟಬೇಕು, ಅದೇ ಥ್ಯಾಂಕ್ಸ್. ಕೆಟಲ್‌ಗೆ ಮತ್ತೆ ಬಿಸಿನೀರು ಬೇಕಾದರೆ ಮುಚ್ಚಳ ಓರೆ ಮಾಡಿ ಇಟ್ಟರೆ ಸಾಕು. ಅಲ್ಲಿ ಆಯಿ ತಿಂದದ್ದು ಬಿಳಿ ಗಂಜಿ. ಅಕ್ಕಿ ಕಾಳೇ ಕಾಣದಷ್ಟು ಬೆಂದಿತ್ತು.

ಆಮೇಲೆ ಒಂದು ಓಣಿಯಲ್ಲಿ ಚ್ಯೋಂಗ್ ಫನ್ ಅಂಗಡಿ. ನಿಮ್ಮ ಟೂರ್‌ನಲ್ಲಿ ಬೇರೆ ಏನು ಬಿಟ್ಟರೂ ಇದನ್ನು ಬಿಡಬೇಡಿ. ನೆನೆಸಿದ ಅಕ್ಕಿಯನ್ನು ಕಲ್ಲಿನಲ್ಲಿ ತೆಳ್ಳಗೆ ಬೀಸಿರುತ್ತಾರೆ. ಬಾಗಿಲಲ್ಲೇ ಒಂದು ಸ್ಟೀಲ್ ಪೆಟ್ಟಿಗೆ, ಮೇಜಿನ ಡ್ರಾಯರ್ ಥರ ಖಾನೆಗಳು, ಕೆಳಗೆ ನೀರು ಕುದಿಯುತ್ತಿರುತ್ತದೆ. ಒಂದು ಸೌಟು ಹಿಟ್ಟನ್ನು ತಟ್ಟೆಗೆ ಸುರಿದು, ಆಚೆ ಈಚೆ ವಾಲಿಸಿ ಹರಡಿ, ಖಾನೆಯೊಳಗೆ ತಳ್ಳುತ್ತಾರೆ. ಒಂದೆರಡು ನಿಮಿಷಕ್ಕೆ ಎಳೆದರೆ ಹಿಟ್ಟಿನ ಹಾಳೆ ಗುಳ್ಳೆ ಎದ್ದು ಉಬ್ಬಿರುತ್ತದೆ. ಅದನ್ನು ಚಪ್ಪಟೆ ಸಟ್ಟುಗದಿಂದ ಒಂದು ಬದಿಗೆ ಕೆರೆದು, ಕತ್ತರಿಸಿ, ಮೇಲೆ ಸೋಯಾ ಸಾಸ್ ಹೊಯ್ದು ಕೊಡುತ್ತಾರೆ. ಒಳಗೆ ಏನೂ ತುಂಬದ್ದಕ್ಕೆ 'ಜಾಯ್ ಚ್ಯೋಂಗ್' ಅಂತ ಬೇರೆ ಹೆಸರೇ ಇದೆ. ಜಾಯ್ ಅಂದರೆ ದೇವಸ್ಥಾನದ ಸಸ್ಯಾಹಾರ. ಈ ಪದ ನೆನಪಿಟ್ಟುಕೊಳ್ಳಿ, ಇಡೀ ಊರಲ್ಲಿ ಕೆಲಸಕ್ಕೆ ಬರುತ್ತದೆ. ಸೋಯಾ ಸಾಸ್‌ಗೆ ಆಯ್‌ಸ್ಟರ್ ಬೆರೆಸಿಲ್ಲ ಅಂತ ನಮ್ಮ ಹುಡುಗಿ ಬಾಟಲಿ ತರಿಸಿ ಓದಿ ಹೇಳಿದಳು.

ಆಯಿ ಒಂದು ತುತ್ತು ತಿಂದು 'ತಮಾ, ಇದು ತೆಳ್ಳೇವೇ' ಅಂದಳು. ತೆಳ್ಳೇವು ಅಂದರೆ ನಮ್ಮ ಕಡೆಯ ತೆಳು ದೋಸೆ, ನಾವು ಕಾವಲಿಯಲ್ಲಿ ಹೊಯ್ಯುವುದನ್ನು ಅವರು ಹಬೆಯಲ್ಲಿ ಮಾಡುತ್ತಾರೆ. ಆಮೇಲೆ ನೇರ ಒಲೆಯ ಹತ್ತಿರ ಹೋಗಿ, ಹೊಸ ಅಕ್ಕಿಯಾ ಹಳೆ ಅಕ್ಕಿಯಾ ಕೇಳು ಅಂದಳು. ನಾನು ಇಂಗ್ಲಿಷ್‌ನಲ್ಲಿ ಕೇಳಿದೆ, ಹುಡುಗಿ ಕ್ಯಾಂಟನೀಸ್‌ನಲ್ಲಿ ಕೇಳಿದಳು, ಅಂಗಡಿಯಾಕೆ ಕೈ ಒರೆಸಿಕೊಂಡು ಏನೋ ಉದ್ದಕ್ಕೆ ಹೇಳಿದಳು. ಹಳೆ ಅಕ್ಕಿಯೇ ಬೇಕು, ಹೊಸದು ಹಾಕಿದರೆ ಅಂಟುತ್ತದೆ ಅಂತ ಉತ್ತರ ಬಂತು. ಆಯಿ 'ಹೌದು ಮತ್ತೆ' ಅಂತ ತಲೆಯಾಡಿಸಿದಳು. ಅಂಗಡಿಯಾಕೆ ಇನ್ನೊಂದು ತಟ್ಟೆ ಹಾಕಿಕೊಟ್ಟು ದುಡ್ಡು ಬೇಡ ಅಂದಳು. ನಾನು ಗೈಡ್‌ಗೆ ಕೊಟ್ಟ ದುಡ್ಡು ಆ ಹತ್ತು ನಿಮಿಷಕ್ಕೇ ಸಂದಾಯವಾಯಿತು ಅಂತ ಈಗಲೂ ಅನ್ನಿಸುತ್ತದೆ.

ನೋಡಿದ ಜಾಗ ಎರಡೇ. ಒಂದು ಚೆನ್ ಮನೆತನದವರ ಸಭಾಭವನ, 1894ರಲ್ಲಿ ಮುಗಿದದ್ದು. ಗುವಾಂಗ್‌ಡಾಂಗ್ ಪ್ರಾಂತ್ಯದ 72 ಕೌಂಟಿಗಳ ಚೆನ್ ಕುಲದವರು ದುಡ್ಡು ಹಾಕಿ ಕಟ್ಟಿಸಿದ್ದಂತೆ. ಮಾಡಿನ ಮೇಲೆ ಮಣ್ಣಿನ ಗೊಂಬೆಗಳ ಸಾಲು ಸಾಲು, ಕತ್ತೆತ್ತಿ ನೋಡಿ. ಇನ್ನೊಂದು ಹುವಾಲಿನ್ ದೇವಸ್ಥಾನ. ದಕ್ಷಿಣ ಭಾರತದಿಂದ ಸಮುದ್ರ ದಾಟಿ ಬಂದ ಬೌದ್ಧ ಭಿಕ್ಷು ಬೋಧಿಧರ್ಮ ಚೀನಾದಲ್ಲಿ ಮೊದಲು ಕಾಲಿಟ್ಟದ್ದು ಇಲ್ಲೇ ಅಂತ ನಂಬಿಕೆ. ಒಳಗೆ 500 ಅರ್ಹಂತರ, ಅಂದರೆ ಮುಕ್ತಿ ಪಡೆದ ಬೌದ್ಧ ಸಾಧಕರ ಮೂರ್ತಿಗಳಿವೆ. ಅರ್ಹತ್ ಅನ್ನುವುದೇ ಅವರ ಬಾಯಲ್ಲಿ 'ಲೋಹಾನ್' ಆಗಿದೆ. ಮಧ್ಯಾಹ್ನ ಸಸ್ಯಾಹಾರಿ ಊಟದ ಮನೆಯಲ್ಲಿ ನಮಗೆ ಬಂದ ಪಲ್ಯದ ಹೆಸರೂ ಲೋಹಾನ್ ಜಾಯ್. ಅಣಬೆ, ತಾವರೆ ದಂಟು, ಸೋಯಾ ಹಾಲಿನ ಕೆನೆ, ಗಾಜಿನಂಥ ಶಾವಿಗೆ. ಬೌದ್ಧರ ಅಡುಗೆಯಲ್ಲಿ ಈರುಳ್ಳಿ ಬೆಳ್ಳುಳ್ಳಿಯೂ ನಿಷಿದ್ಧ, ಹಾಗಾಗಿ ಆಯಿ ಏನೂ ಕೇಳದೆ ಉಂಡ ಊಟ ಇಡೀ ಪ್ರಯಾಣದಲ್ಲಿ ಅದೊಂದೇ.

ಕೊನೆಗೆ ಸಿಹಿ. ಅಲ್ಲಿ ಎಮ್ಮೆ ಹಾಲಿನದ್ದು ಎರಡು ಥರ ಸಿಗುತ್ತದೆ. ಎರಡು ಕೆನೆಯ ಹಾಲು ಅನ್ನುವುದಕ್ಕೆ ಮೊಟ್ಟೆಯ ಬಿಳಿ ಹಾಕುತ್ತಾರೆ, ನಿಮ್ಮ ಮನೆಯಲ್ಲಿ ಮೊಟ್ಟೆ ಆಗದಿದ್ದರೆ ಬೇಡ. ಇನ್ನೊಂದು ಶುಂಠಿ ಹಾಲು. ಬಟ್ಟಲಿನ ತಳದಲ್ಲಿ ಆಗಷ್ಟೇ ಹಿಂಡಿದ ಶುಂಠಿ ರಸ, ಮೇಲಿಂದ ಬಿಸಿ ಹಾಲು ಸುರಿದು ಕದಲಿಸದೆ ಬಿಡುತ್ತಾರೆ. ಕೆಲವೇ ನಿಮಿಷದಲ್ಲಿ ಮೇಲೆ ಚಮಚ ಇಟ್ಟರೆ ಮುಳುಗುವುದಿಲ್ಲ, ಗಿಣ್ಣದ ಹಾಗೆ ಗಟ್ಟಿ ಕೂತಿರುತ್ತದೆ. ಊರಿಗೆ ಹೋದ ಮೇಲೆ ಆಯಿ ಮಾಡಿ ನೋಡಿದಳು. ಕುದಿಯುವ ಹಾಲು ಸುರಿದಾಗ ಕೂರಲಿಲ್ಲ, ಸ್ವಲ್ಪ ಆರಿಸಿ ಸುರಿದಾಗ ಕೂತಿತು.

ಇನ್ನು ಸಣ್ಣಪುಟ್ಟದ್ದು. ಅಲ್ಲಿ ಫೋನ್‌ನಿಂದ ದುಡ್ಡು ಕೊಡುವ ಅಲಿಪೇ ಆ್ಯಪ್‌ಗೆ ನಿಮ್ಮ ಕಾರ್ಡ್ ಸೇರಿಸುವ ಕೆಲಸ ಮನೆಯಲ್ಲೇ ಮುಗಿಸಿ, ಆದರೂ 200 ಯುವಾನ್ ನಗದು ಇರಲಿ. ಟಿಶ್ಯೂ ಪೇಪರ್ ಇಟ್ಟುಕೊಳ್ಳಿ. ಬಿಸಿನೀರು ಎಲ್ಲಿ ಕೇಳಿದರೂ ಸಿಗುತ್ತದೆ, ಫ್ಲಾಸ್ಕ್ ಇದ್ದರೆ ಒಳ್ಳೆಯದು. ರಸ್ತೆ ಬದಿಯಲ್ಲಿ ಮಾರುವ ಲ್ಯೋಂಗ್ ಚಾ ನಿಜಕ್ಕೂ ಚಹಾ ಅಲ್ಲ, ಗಿಡಮೂಲಿಕೆ ಕಷಾಯ, ಭಾರೀ ಕಹಿ. ಅಪ್ಪನಿಗೆ ಇಷ್ಟವಾಗಬಹುದು, ಆಯಿ ಪೂರ್ತಿ ಲೋಟ ಮುಗಿಸಿದಳು.

ನಿಮ್ಮ ವಿಮಾನ ಎಷ್ಟು ಹೊತ್ತಿಗೆ ಇಳಿಯುತ್ತದೆ ಅಂತ ಬರೆದಿಲ್ಲ. ಬೆಳಿಗ್ಗೆ ಇಳಿಯುವುದಾದರೆ ಈಗಲೇ ಗೈಡ್ ಹುಡುಕಲು ಶುರು ಮಾಡಿ. ರಾತ್ರಿ ಇಳಿಯುವುದಾದರೆ ಸುಮ್ನೆ ಅಪ್ಪ ಅಮ್ಮನನ್ನು ಎಳೆದಾಡಬೇಡಿ, ಅಂಗಡಿಗಳೂ ಮುಚ್ಚಿರುತ್ತವೆ, ಅವರು ಮಲಗಲು ಏರ್‌ಪೋರ್ಟ್ ಹತ್ತಿರವೇ ರೂಮ್ ನೋಡಿ. ಸಮಯ ತಿಳಿಸಿದರೆ ನಾನು ಗೈಡ್‌ಗೆ ಕಳಿಸಿದ ಆ ಮೆಸೇಜನ್ನು ಇಲ್ಲೇ ಹಾಕುತ್ತೇನೆ, ಹಾಗೇ ಕಾಪಿ ಮಾಡಿ ಕಳಿಸಿ.